ಮೀಸೆಯ ಹಿಂದಿನ ಮಾತು

ಜನ ಉಪ್ಪಿನಕಾಯಿ ಹಾಕಿಡುತ್ತಾರೆ, ಹಪ್ಪಳ ಸಂಡಿಗೆ ಮಾಡಿಡುತ್ತಾರೆ. ನಮ್ಮ ಭಾವನವರು ಮೌನವನ್ನು ಹಿಡಿದಿಡುತ್ತಿದ್ದರು! ನಗಬೇಡಿ. ಎಂಬತ್ತರ ದಶಕದಲ್ಲಿ ನೀವು ರಾಜಾಜಿನಗರದ ನಮ್ಮ ಮನೆಗೆ ಬಂದು ಅಟ್ಟ ಹತ್ತಿದ್ದರೆ ನಿಮಗೇ ಗೊತ್ತಾಗುತ್ತಿತ್ತು. ‘ಕೆಂಗೇರಿ ಬಸ್ ಸ್ಟ್ಯಾಂಡ್, ಮಧ್ಯಾಹ್ನ, ಮೌನ’ ಎಂದು ಚೀಟಿ ಅಂಟಿಸಿದ ಟೇಪು ಒಂದು. ‘ಜ್ಞಾನಭಾರತಿ, ಮರದ ಕೆಳಗೆ, ಮೌನ, ನಾಯಿ ಸಹಿತ’ ಎಂಬುದು ಇನ್ನೊಂದು. ಸೊಸೆಯಾಗಿ ಬಂದ ಹೊಸದರಲ್ಲಿ ತವರಿನ ಹಿತ್ತಾಳೆ ಪಾತ್ರೆಗಳನ್ನು ಎಲ್ಲಿಡಲಿ ಎಂದು ಕೇಳಿದ್ದಕ್ಕೆ ಅತ್ತೆ ಅಟ್ಟದ ಕಡೆ ನೋಡಿ, "ಅಲ್ಲಿ ನಿಮ್ಮ ಭಾವನ ಮೌನ ತುಂಬಿದೆ ಕಣಮ್ಮ, ಮಂಚದ ಕೆಳಗೆ ತಳ್ಳು" ಎಂದಿದ್ದರು. ಆ ಪಾತ್ರೆಗಳು ಬಹಳ ಕಾಲ ಮಂಚದ ಕೆಳಗೇ ಇದ್ದವು.

ಭಾವನವರೆಂದರೆ ನನ್ನ ಯಜಮಾನರ ಅಣ್ಣ. ಮದುವೆಯಾಗಿರಲಿಲ್ಲ. ಆಗಿದ್ದರೆ ಗಟ್ಟಿಮೇಳ ಸರಿಯಾಗಿ ರೆಕಾರ್ಡ್ ಆಗಲಿಲ್ಲವೆಂದು ತಾಳಿಯನ್ನು ಇನ್ನೊಮ್ಮೆ ಕಟ್ಟುತ್ತಿದ್ದರೇನೋ! ಅವರ ಕೆಲಸ ಸಾಕ್ಷ್ಯಚಿತ್ರ ಮಾಡುವುದು. ಆಗೆಲ್ಲ ಟಾಕೀಸಿನಲ್ಲಿ ಸಿನಿಮಾಕ್ಕೆ ಮೊದಲು, ಜನ ಬೀಡಿ ಸೇದಿ ಒಳಗೆ ಬರುವವರೆಗೆ, ಒಂದು ಕಪ್ಪು ಬಿಳುಪಿನ ಚಿತ್ರ ಓಡುತ್ತಿತ್ತಲ್ಲ? ಹೊಗೆಯಿಲ್ಲದ ಒಲೆ, ಗೊಬ್ಬರದ ಗುಂಡಿ, ಕುದಿಸಿ ಆರಿಸಿದ ನೀರು, ಅಂಥದ್ದು. ಯಾರೂ ನೋಡದ ಆ ಚಿತ್ರಗಳಲ್ಲಿ ಒಂದೇ ಒಂದು ಸುಳ್ಳು ಶಬ್ದವೂ ಇರಕೂಡದೆಂಬುದು ಅವರ ವ್ರತ. ಒಲೆ ಯಾವ ಮನೆಯದೋ, ಅದರ ಚಟಪಟವೂ ಅದೇ ಮನೆಯದಾಗಿರಬೇಕು. ವ್ರತ ಅವರದು, ಉಪವಾಸ ನಮ್ಮದು.

ಹುಂಜದ ಕಥೆ ಕೇಳಿ. ಕೋಳಿ ಸಾಕಣೆಯ ಬಗ್ಗೆ ಒಂದು ಚಿತ್ರ ಮಾಡಬೇಕಿತ್ತು. ಕೆಂಗೇರಿಯಲ್ಲಿ ಒಂದು ಹುಂಜ ಕ್ಯಾಮರಾ ಮುಂದೆ ಕತ್ತೆತ್ತಿ, ರೆಕ್ಕೆ ಬಡಿದು, ಬಾಯಿ ತೆರೆದು ಭರ್ಜರಿಯಾಗಿ ಕೂಗಿತಂತೆ. ಸರಿಯಾಗಿ ಅದೇ ಹೊತ್ತಿಗೆ ಮೈಸೂರು ರಸ್ತೆಯಲ್ಲಿ ಲಾರಿಯೊಂದು ಹಾರ್ನ್ ಹೊಡೆದು ಹೋಯಿತಂತೆ. ಸ್ಟುಡಿಯೋದವರು ತಮ್ಮ ಟೇಪಿನಲ್ಲಿ ಹುಂಜದ ಕೂಗು ಇದೆ, ಹಾಕಿ ಮುಗಿಸಿ ಎಂದರು.

"ಅದು ಬೇರೆ ಊರಿನ ಹುಂಜ ಕಣ್ರೀ."

"ಕೊಕ್ಕೊಕ್ಕೋ ಅನ್ನಕ್ಕೆ ಯಾವ ಊರಾದ್ರೇನು ಸಾರ್?"

"ಮುಖ ಕೆಂಗೇರಿದು, ಗಂಟಲು ಇನ್ಯಾವ್ದೋ ಊರಿಂದು! ನಿಮ್ಗೆ ಹಾಗೆ ಮಾಡಿದ್ರೆ ಒಪ್ತೀರಾ?"

ಸ್ಟುಡಿಯೋದವರು ಒಪ್ಪುತ್ತಿದ್ದರೋ ಇಲ್ಲವೋ, ಭಾವನವರಂತೂ ಆ ಹುಂಜವನ್ನೇ ಬುಟ್ಟಿಯಲ್ಲಿ ಮುಚ್ಚಿ ಬಸ್ಸಿನಲ್ಲಿ ಮನೆಗೆ ತಂದರು. ನಮ್ಮ ತಾರಸಿಯ ಮೇಲೆ ಅದಕ್ಕೆ ರಾಗಿ, ನೀರು, ಮೈಕು ಎಲ್ಲದರ ವ್ಯವಸ್ಥೆಯಾಯಿತು. ಹುಂಜಕ್ಕೂ ಅವರದೇ ಹಟ. ಮೈಕ್ ಹಿಡಿದಾಗ ಸುಮ್ಮನಿರುವುದು, ಟೇಪು ಬದಲಿಸುವಾಗ ಕೂಗುವುದು! ಎದುರು ಮನೆಯ ಯಜಮಾನರು ದಿನಾ ಗೇಟಿನ ಹತ್ತಿರ ನಿಂತು, "ಏನಮ್ಮ, ಯಾವತ್ತು ಹಬ್ಬ?" ಎಂದು ವಿಚಾರಿಸುತ್ತಿದ್ದರು. ನಾನು ಏನೆಂದು ಹೇಳಲಿ? ಅಂತೂ ಒಂದು ಬೆಳಿಗ್ಗೆ ಅದು ಕೂಗಿತು, ಸಂಜೆಯೇ ಭಾವನವರು ಅದನ್ನು ಕೆಂಗೇರಿಗೆ ಬಿಟ್ಟು ಬಂದರು. ತಮ್ಮನ್ನು ಬಿಟ್ಟು ಒಳಗೊಳಗೇ ಊಟ ಮುಗಿಸಿದರೆಂದು ಎದುರು ಮನೆಯವರು ಮಾತು ಬಿಟ್ಟರು.

ಇನ್ನು ನನ್ನ ಬಳೆಗಳ ವಿಚಾರ. ಹೊಗೆಯಿಲ್ಲದ ಒಲೆಯ ಚಿತ್ರ ಮಾಡುವಾಗ ನಮ್ಮ ಅಡುಗೆಮನೆಗೇ ಮೈಕ್ ಬಂತು. ನಾನು ಕೈಯಾಡಿಸಿದರೆ ಸಾಕು, ಕಿವಿಗೆ ಹೆಡ್‌ಫೋನು ಹಾಕಿ ಕುಳಿತವರು ಚೇಳು ಕಚ್ಚಿದವರ ಹಾಗೆ ಎಗರಿ ಬೀಳುತ್ತಿದ್ದರು.

"ಏನಮ್ಮ ನೀನು, ಮತ್ತೆ ಬಳೆ! ಪ್ಲಾಸ್ಟಿಕ್ ಬಳೆ ಹಾಕ್ಕೋಬಾರ್ದಾ?"

"ಗಾಜಿನ ಬಳೆ ತೆಗೆಯಲ್ಲ ಭಾವ. ನೀವೇ ಆ ಕಿವಿ ಮುಚ್ಚಳ ತೆಗೀರಿ."

"ಅಲ್ಲ, ನಿಂಗೊತ್ತಾ? ಹಳೇ ಫಿಲಂ ಸುರುಳಿನೆಲ್ಲ ಗುಜರಿಯವರು ಕರಗಿಸಿ ಬಳೆ ಮಾಡ್ತಾರೆ. ಎಂತೆಂಥ ಪಿಚ್ಚರ್ ಇವತ್ತು ಯಾರ್ಯಾರ ಕೈಲೋ ಅದೆ!"

"ಮತ್ತೆ ಅದನ್ನೇ ಹಾಕ್ಕೋ ಅಂತೀರಲ್ಲ?"

ಅವರು ಹೆಡ್‌ಫೋನನ್ನು ಇನ್ನಷ್ಟು ಬಿಗಿಯಾಗಿ ಒತ್ತಿಕೊಂಡರು. ಆದರೆ ಅಂದಿನಿಂದ ಮೈಕ್ ಕಂಡ ಕೂಡಲೇ ಬಳೆಗಳನ್ನು ಮೊಣಕೈವರೆಗೆ ಏರಿಸಿ ಬಿಗಿ ಮಾಡಿಕೊಳ್ಳುವುದು ನನಗೆ ಅಭ್ಯಾಸವಾಯಿತು. ಅದಕ್ಕಿಂತ ಹೆಚ್ಚಾಗಿ ಆ ಟೇಪ್ ರೆಕಾರ್ಡರಿನ ಅಭ್ಯಾಸವಾಯಿತು. ಅದರ ಕೆಂಪು ಗುಂಡಿ, ಪಕ್ಕದ ಕಪ್ಪು ಗುಂಡಿ ಎರಡನ್ನೂ ಒಟ್ಟಿಗೆ ಒತ್ತಿದರೇ ರೆಕಾರ್ಡ್ ಆಗುವುದು, ಆದಾಗ ಒಳಗಿನ ಚಕ್ರಗಳು ತಿರುಗುತ್ತವೆ ಎಂಬುದನ್ನೆಲ್ಲ ನಾನು ಬೇಡ ಬೇಡವೆಂದರೂ ಕಲಿತುಬಿಟ್ಟೆ.

ಇಷ್ಟನ್ನೂ ಸಹಿಸಬಹುದಿತ್ತು. ನನ್ನ ತಂಗಿಯ ಮದುವೆಯಲ್ಲಿ ಮಾಡಿದ್ದನ್ನು ಮಾತ್ರ ಹೇಗೆ ಸಹಿಸುವುದು? ಪ್ರತಿ ಜಾಗಕ್ಕೂ ಅದರದೇ ಆದ ಮೌನ ಇರುತ್ತದಂತೆ. ಮಾತಿನ ಮಧ್ಯೆ ಕತ್ತರಿ ಹಾಕಿದ ಕಡೆ ತೇಪೆ ಹಚ್ಚಲು ಆ ಮೌನವೇ ಬೇಕಂತೆ. ಹಾಗಾಗಿ ಎಲ್ಲಿ ರೆಕಾರ್ಡ್ ಮಾಡಿದರೂ ಕೊನೆಗೆ ಒಂದಿಷ್ಟು ಮೌನ ಹಿಡಿಯುವುದು ಅವರ ಪದ್ಧತಿ. ವಿಜಯನಗರದ ಛತ್ರ. ಮುಹೂರ್ತ ಮುಗಿದು, ಜನ ಎಲೆಯ ಕಡೆ ನುಗ್ಗುವ ಹೊತ್ತು. ಭಾವನವರು ಮಂಟಪ ಹತ್ತಿ ವಾಲಗದವರನ್ನು ನಿಲ್ಲಿಸಿ, ಗಂಭೀರವಾಗಿ ಮೈಕಿನಲ್ಲಿ ಹೇಳಿದರು: "ದಯವಿಟ್ಟು ಎಲ್ಲರೂ ಒಂದು ನಿಮಿಷ ಮೌನವಾಗಿರಬೇಕು."

ಇಡೀ ಛತ್ರ ಎದ್ದು ನಿಂತಿತು! ಗಂಡಿನ ದೊಡ್ಡಪ್ಪ ರುಮಾಲು ತೆಗೆದು ಕಂಕುಳಲ್ಲಿಟ್ಟುಕೊಂಡು ತಲೆ ತಗ್ಗಿಸಿದರು. ಹಿಂದಿನ ಸಾಲಿನಲ್ಲಿ ಯಾರೋ ಒಬ್ಬಾಕೆ ಯಾರಿಗೆಂದು ತಿಳಿಯದೆಯೇ ಬಿಕ್ಕಿ ಅತ್ತಳು. ನಿಮಿಷ ಮುಗಿದದ್ದೇ ತಡ, "ಯಾರು ಹೋದ್ರು? ಯಾವಾಗ?" ಎಂಬ ಗುಸುಗುಸು ಶುರುವಾಯಿತು. ಒಬ್ಬರು ರೇಡಿಯೋ ಹುಡುಕಿಕೊಂಡು ಪಕ್ಕದ ಅಂಗಡಿಗೆ ಓಡಿದರು. ಗಂಡಿನ ತಾಯಿ ನನ್ನನ್ನು ಕಂಬದ ಹಿಂದೆ ಎಳೆದು, "ನಿಮ್ಮ ಕಡೆ ಸೂತಕ ಇತ್ತಾ? ಮುಚ್ಚಿಟ್ಟು ಧಾರೆ ಎರೆದ್ರಾ?" ಎಂದು ಹಲ್ಲು ಕಚ್ಚಿ ಕೇಳಿದರು. ನಾನು ಸೀತೆಯ ಹಾಗೆ ಭೂಮಿ ಬಾಯಿ ಬಿಡಲೆಂದು ಕಾಯುತ್ತಿದ್ದರೆ, ಭಾವನವರು ಹೆಡ್‌ಫೋನ್ ತೆಗೆದು ಬೆಳಗುವ ಮುಖದಿಂದ ಬಂದರು.

"ಇಂಥಾ ಶುದ್ಧವಾದ ಮೌನ ಯಾವ ಛತ್ರದಲ್ಲೂ ಸಿಕ್ಕಿರ್ಲಿಲ್ಲ ಕಣಮ್ಮ!"

ಅವರೊಡನೆ ನಾನು ಎಷ್ಟೋ ದಿನ ಮಾತಾಡಲಿಲ್ಲ. ಅದನ್ನೂ ರೆಕಾರ್ಡ್ ಮಾಡಿಕೊಂಡಿರಬಹುದು.

ಇವರ ಈ ಹುಚ್ಚಿಗೆ ಮೂಲವೇನೆಂದು ಒಮ್ಮೆ ಯಜಮಾನರನ್ನೇ ಕೇಳಿದ್ದೆ. ಅವರು ಪೇಪರಿನಿಂದ ತಲೆಯೆತ್ತದೆ, "ಅಣ್ಣಂಗೆ ಅಪ್ಪನ ಧ್ವನಿ ನೆನಪಿಲ್ಲ ಕಣೇ" ಎಂದರು. ನಮ್ಮ ಮಾವನವರು ಬಟ್ಟೆ ಮಿಲ್ಲಿನಲ್ಲಿ ಮೇಸ್ತ್ರಿಯಾಗಿದ್ದವರು. ಭಾವನವರು ಸ್ಲೇಟು ಹಿಡಿಯುವ ವಯಸ್ಸಿನಲ್ಲಿ, ನನ್ನ ಯಜಮಾನರು ಇನ್ನೂ ಎದೆಹಾಲು ಕುಡಿಯುವಾಗ ತೀರಿಕೊಂಡರು. ಮುಖಕ್ಕಾದರೆ ಗೋಡೆಯ ಮೇಲೊಂದು ಫೋಟೋ ಇತ್ತು. ಧ್ವನಿಗೆ ಏನಿತ್ತು? "ನಂಗೆ ಅಪ್ಪನ ನೆನಪೇ ಇಲ್ಲ, ಹಾಗಾಗಿ ತೊಂದ್ರೆನೂ ಇಲ್ಲ. ಅವನಿಗೆ ಅಪ್ಪ ಮಾತಾಡಿದ್ದು ನೆನಪಿದೆ, ಧ್ವನಿ ಮಾತ್ರ ಇಲ್ಲ. ಅದು ಕಷ್ಟ" ಎಂದರು. ನನಗೆ ಪಾಪ ಎನಿಸಿತು. ಮಾರನೆಯ ದಿನ ಭಾವನವರು ನನ್ನ ಹೊಸ ಬೆಡ್‌ಶೀಟನ್ನು ಪರದೆ ಕಟ್ಟಲು ಒಯ್ದಾಗ ಆ ಪಾಪವೆಲ್ಲ ಆವಿಯಾಯಿತು.

ಆ ಬೆಡ್‌ಶೀಟಿನಿಂದಲೇ ಮುಖ್ಯ ಕಥೆ ಶುರು. ಮಿಲ್ಲಿನ ಕಾರ್ಮಿಕ ಸಂಘದವರು ತಮ್ಮ ಹಳೆಯ ದಿನಗಳ ಬಗ್ಗೆ ಒಂದು ಸಾಕ್ಷ್ಯಚಿತ್ರ ಮಾಡಿಕೊಡಿ, ಆಯುಧಪೂಜೆಯ ದಿನ ತೋರಿಸಬೇಕು ಎಂದು ಭಾವನವರನ್ನು ಕೇಳಿದ್ದರು. ಹಳೆಯ ಫಿಲಂ ಏನಾದರೂ ಸಿಕ್ಕೀತೆಂದು ಇವರು ಊರಿನ ಗುಜರಿ ಅಂಗಡಿಗಳನ್ನೆಲ್ಲ ಅಲೆದರು. ಒಂದು ಕಡೆ ಬಳೆಯಾಗಲು ಸಾಲಿನಲ್ಲಿ ಕಾಯುತ್ತಿದ್ದ ತುಕ್ಕು ಡಬ್ಬಿಯೊಳಗೆ ಸಿಕ್ಕೇಬಿಟ್ಟಿತು! ಮಿಲ್ಲಿನ ಇಂಗ್ಲಿಷ್ ದೊರೆಯೊಬ್ಬ ಶೋಕಿಗೆಂದು ತೆಗೆದಿದ್ದ ಸುರುಳಿ. ಮಗ್ಗಗಳು, ಹೂವಿನ ಹಾರ, ಕುಂಕುಮ ಬಳಿದ ಕುಂಬಳಕಾಯಿ, ಸಾಲಾಗಿ ನಿಂತ ಕೆಲಸಗಾರರು. ಅವರ ನಡುವೆ ದಪ್ಪ ಮೀಸೆಯ ನಮ್ಮ ಮಾವನವರು! ನಗುತ್ತಾ ಕ್ಯಾಮರಾ ಕಡೆ ತಿರುಗುತ್ತಾರೆ, ಏನೋ ಹೇಳುತ್ತಾರೆ, ಎರಡೂ ಕೈ ಮುಂದಕ್ಕೆ ಚಾಚುತ್ತಾರೆ. ಅಷ್ಟೇ, ಸುರುಳಿ ಮುಗಿಯುತ್ತದೆ. ದೊರೆಯ ಕ್ಯಾಮರಾಕ್ಕೆ ಕಿವಿಯಿರಲಿಲ್ಲ. ಬಾಯಿ ಆಡುತ್ತದೆ, ಶಬ್ದವಿಲ್ಲ.

ಶಬ್ದಕ್ಕಾಗಿ ಬದುಕಿದ ಮನುಷ್ಯನಿಗೆ ಅಪ್ಪ ಸಿಕ್ಕಿದ್ದು ಹೀಗೆ.

ಮರುಕ್ಷಣದಿಂದ ನಮ್ಮ ಮನೆಯಲ್ಲಿ ಒಂದೇ ಪ್ರಶ್ನೆ: ಅಪ್ಪ ಏನು ಹೇಳುತ್ತಿದ್ದಾರೆ? ಚಿತ್ರದ ಮಿಕ್ಕ ಭಾಗವೆಲ್ಲ ಮುಗಿದರೂ ಅದೊಂದು ತಿಳಿಯದೆ ಭಾವನವರು ಮುಂದಕ್ಕೆ ಹೋಗಲೊಲ್ಲರು. ಯಜಮಾನರು ಒಂದು ಕಟ್ಟಪ್ಪಣೆ ಹೊರಡಿಸಿದರು. "ಅಮ್ಮಂಗೆ ಮಾತ್ರ ತೋರಿಸಬೇಡ. ಬಿಪಿ ಇದೆ. ಇಷ್ಟು ವರ್ಷ ಆದ್ಮೇಲೆ ಗಂಡ ಎದ್ದು ಬಂದು ನಕ್ರೆ ಎದೆ ತಡೆಯಲ್ಲ." ಹಾಗಾಗಿ ಸಂಜೆ ಅತ್ತೆ ರಾಮಮಂದಿರಕ್ಕೆ ಹರಿಕಥೆಗೆ ಹೊರಟ ಕೂಡಲೇ ನಾವು ಕಿಟಕಿ ಮುಚ್ಚಿ, ನನ್ನ ಬೆಡ್‌ಶೀಟ್ ಕಟ್ಟಿ, ಪ್ರೊಜೆಕ್ಟರ್ ಹಾಕುವುದು. ಅವರು ಬರುವ ಹೊತ್ತಿಗೆ ಎಲ್ಲ ಬಿಚ್ಚಿ ಭಜನೆಗೆ ಕುಳಿತವರ ಹಾಗೆ ಕೂರುವುದು. ಸ್ವಂತ ಮಾವನವರನ್ನು ಕಳ್ಳಮಾಲಿನಂತೆ ಬಚ್ಚಿಡಬೇಕಾಯಿತಲ್ಲ!

ಊಹೆಗಳಿಗೇನು ಬರವೇ? ಯಜಮಾನರು, "ಮಕ್ಕಳಿಗೆ ಆಶೀರ್ವಾದ ಮಾಡ್ತಿದಾರೆ ಬಿಡೋ" ಎಂದರು. ನನಗಂತೂ ‘ಕಾಫಿ ತಾ’ ಎಂದು ಕೈ ಚಾಚಿದ ಹಾಗೇ ಕಾಣಿಸಿತು. ಈ ಮನೆಯ ಗಂಡಸರು ಇನ್ನೇನು ಕೇಳುತ್ತಾರೆ? ಕಾರ್ಮಿಕ ಸಂಘದ ಕಾರ್ಯದರ್ಶಿ ಬಸವೇಶ್ವರನಗರದಿಂದ ಸ್ಕೂಟರಿನಲ್ಲಿ ಬಂದು ನೋಡಿ, ಕುರ್ಚಿಯಿಂದಲೇ ಎದ್ದು ನಿಂತರು.

"ಸಾರ್, ಇದು ಘೋಷಣೆ! ಕೈ ನೋಡಿ ಸಾರ್, ಹಕ್ಕು ಕೇಳ್ತಾವ್ರೆ!"

"ಹಕ್ಕು ಕೇಳೋರು ನಗ್ತಾರೇನ್ರೀ?"

"ಆ ಕಾಲದೋರು ನಗ್ತಾನೇ ಕೇಳೋರು ಸಾರ್. ನಮ್ಮ ನಾಟಕದ ಹುಡುಗ ಒಬ್ಬ ಅವ್ನೆ, ಸಿಂಹದ ಗಂಟಲು. ‘ಕಾರ್ಮಿಕರೇ, ಎದ್ದೇಳಿ’ ಅಂತ ಒಂದ್ಸಲ ಅನ್ನಿಸಿಬಿಡಿ. ಜನ ಶಿಳ್ಳೆ ಹೊಡೀತಾರೆ."

"ನಮ್ಮಪ್ಪನ ಬಾಯಿಗೆ ಇನ್ನೊಬ್ಬರ ಗಂಟಲು ಹಾಕಲ್ಲ" ಎಂದರು ಭಾವನವರು. ಹುಂಜಕ್ಕೇ ಹಾಕದವರು ಅಪ್ಪನಿಗೆ ಹಾಕುತ್ತಾರೆಯೇ?

ಕೊನೆಗೆ ಕಿವುಡ ಮಕ್ಕಳಿಗೆ ಪಾಠ ಹೇಳುವ, ತುಟಿಯ ಚಲನೆಯಿಂದಲೇ ಮಾತು ತಿಳಿಯಬಲ್ಲ ಮೇಷ್ಟರೊಬ್ಬರನ್ನು ಕರೆತಂದರು. ನಾನು ಅವರಿಗೆ ಚಿತ್ರಾನ್ನ ಮಾಡಿ ಬಡಿಸಿದೆ. ಅವರು ಚಿತ್ರಾನ್ನ ತಿಂದು, ಕನ್ನಡಕ ಒರೆಸಿ, ಪರದೆಗೆ ಮೂಗು ತಾಗುವಷ್ಟು ಹತ್ತಿರ ಹೋಗಿ, ಸುರುಳಿಯನ್ನು ಮತ್ತೆ ಮತ್ತೆ ಹಾಕಿಸಿ ನೋಡಿದರು. ಭಾವನವರು ಪೆನ್ನು ಕಾಗದ ಹಿಡಿದು ನಿಂತಿದ್ದರು.

"ಮೀಸೆ ಅಡ್ಡ ಬರ್ತಾ ಇದೆ ಸಾರ್" ಎಂದರು ಮೇಷ್ಟರು.

ಆಯುಧಪೂಜೆ ಹತ್ತಿರವಾಯಿತು. ಕಾರ್ಯದರ್ಶಿಯವರ ಸ್ಕೂಟರ್ ದಿನಾ ನಮ್ಮ ಗೇಟಿಗೆ ಬರತೊಡಗಿತು. ಕಡೆಗೆ ಅವರು, ನಾಳೆಯೊಳಗೆ ಚಿತ್ರ ಕೈಗೆ ಬರದಿದ್ದರೆ ಘೋಷಣೆ ಹಾಕಿಸಿ ತಾವೇ ಮುಗಿಸಿಕೊಳ್ಳುವುದಾಗಿ ಹೇಳಿಹೋದರು. ಭಾವನವರು ಊಟ ಬಿಟ್ಟರು. ನಾನೂ ರೇಗಿದೆ. "ಏನಾದ್ರೂ ಒಂದು ಹಾಕಿ ಭಾವ! ಅವರೇನು ಎದ್ದು ಬಂದು ನಾನು ಹಾಗಂದಿಲ್ಲ ಅಂತಾರಾ?" ಅವರು ನನ್ನ ಮುಖ ನೋಡಿದರು. "ಅದಕ್ಕೇ ಕಣಮ್ಮ. ಬಂದು ಹೇಳಕ್ಕಾಗಲ್ವಲ್ಲ ಅವರಿಗೆ" ಎಂದರು.

ಅಂದು ಸಂಜೆಯೂ ಅತ್ತೆ ಹರಿಕಥೆಗೆ ಹೋದರು. ನಾವು ಮತ್ತೆ ಕಿಟಕಿ ಮುಚ್ಚಿದೆವು. ಪ್ರೊಜೆಕ್ಟರ್ ಗಿರಗಿರನೆ ಓಡುತ್ತಿತ್ತು. ಹರಿಕಥೆಯ ದಾಸರಿಗೆ ಗಂಟಲು ಕಟ್ಟಿ ಅಂದಿನ ಕಥೆ ನಿಂತುಹೋಗಿದೆಯೆಂದು ನಮಗೇನು ಗೊತ್ತು? ಬಾಗಿಲು ತೆರೆಯಿತು. ಕೈಯಲ್ಲಿ ಕೋಸಂಬರಿಯ ದೊನ್ನೆ ಹಿಡಿದು ಅತ್ತೆ ನಿಂತಿದ್ದರು. ಎದುರಿಗೆ, ನನ್ನ ಹೂವಿನ ಬೆಡ್‌ಶೀಟಿನ ಮೇಲೆ, ಅವರ ಗಂಡ ನಗುತ್ತಿದ್ದರು.

ಯಜಮಾನರು ಮಾತ್ರೆ ಹುಡುಕಲು ಹಾರಿದರು. ನಾನು ನೀರಿಗೆ ಓಡಿದೆ. ಅತ್ತೆಗೆ ಏನೂ ಆಗಲಿಲ್ಲ! ದೊನ್ನೆಯನ್ನು ನನ್ನ ಕೈಗಿತ್ತು, ನೆಲದ ಮೇಲೆ ಕುಳಿತು, ಸೆರಗು ಸರಿಮಾಡಿಕೊಂಡರು.

"ಬಾಗಿಲು ಹಾಕ್ರೋ, ಬೆಳಕಿಗೆ ಕಾಣ್ತಿಲ್ಲ. ಇನ್ನೊಂದ್ಸಲ ಹಾಕು."

ಇನ್ನೊಮ್ಮೆ ಹಾಕಿದರು. ಅತ್ತೆ ಕಣ್ಣು ಕಿರಿದು ಮಾಡಿ ನೋಡಿ, ಸೆರಗಿನ ತುದಿಯನ್ನು ಬಾಯಿಗೆ ಒತ್ತಿಕೊಂಡು ನಕ್ಕರು. ಭಾವನವರು, "ಅಮ್ಮಾ, ಅಪ್ಪ ಏನೋ ಹೇಳ್ತಿದಾರೆ... ಯಾರಿಗೂ ಗೊತ್ತಾಗ್ತಿಲ್ಲ" ಎಂದರು. ಮೇಷ್ಟರ ವಿಷಯವನ್ನೂ, ಮೀಸೆಯ ವಿಷಯವನ್ನೂ ಹೇಳಿದರು.

"ಅಯ್ಯೋ ನಿಮ್ಮ! ನನ್ನ ಕೇಳೋದು ಬಿಟ್ಟು ಯಾರ್ಯಾರಿಗೋ ಮೀಸೆ ತೋರಿಸ್ತಾ ಕೂತಿದ್ರಾ? ನಾನು ಅಲ್ಲೇ ಇದ್ನಲ್ರೋ!"

ಆಗ ನಾನು ಭಾವನವರ ಕಡೆ ನೋಡಿದೆ. ಲೋಕದ ಶಬ್ದವನ್ನೆಲ್ಲ ಹಿಡಿದಿಟ್ಟ ಮಹಾನುಭಾವ ಬಾಯಿ ತೆರೆದು ನಿಂತಿದ್ದರು, ಕೈಗಳು ಜೋತುಬಿದ್ದಿದ್ದವು. ಟೇಪ್ ರೆಕಾರ್ಡರ್ ಪಕ್ಕದ ಸ್ಟೂಲಿನ ಮೇಲಿತ್ತು, ಮೈಕ್ ಅತ್ತೆಯ ಕಡೆಗೇ ಇತ್ತು, ಚಕ್ರಗಳು ಮಾತ್ರ ತಿರುಗುತ್ತಿರಲಿಲ್ಲ! ಕೂಗಿ ಹೇಳೋಣವೆಂದರೆ ಅತ್ತೆಯ ಮಾತು ತಪ್ಪಿಹೋದೀತು. ನಾನೇ ಕೈ ಚಾಚಿ ಕೆಂಪು ಗುಂಡಿ, ಕಪ್ಪು ಗುಂಡಿ ಎರಡನ್ನೂ ಒಟ್ಟಿಗೆ ಒತ್ತಿದೆ. ಆ ಅವಸರದಲ್ಲಿ ಬಳೆ ಏರಿಸಿಕೊಳ್ಳುವುದು ಮರೆತೇಹೋಯಿತು.

ಅತ್ತೆ ಹೇಳತೊಡಗಿದರು. "ಮಿಲ್ಲಲ್ಲಿ ಮನೆಯೋರನ್ನ ಒಳಗೆ ಬಿಡ್ತಿದ್ದಿದ್ದು ಆಯುಧಪೂಜೆ ದಿನ ಮಾತ್ರ. ದೊರೆ ಕ್ಯಾಮರಾ ಹಿಡ್ಕೊಂಡು ನಿಂತಿದ್ದ, ನಾನು ಅವನ ಪಕ್ಕದಲ್ಲೇ ಇದ್ದೆ. ನೀನು ನನ್ನ ಕಂಕುಳಲ್ಲಿ. ನಿನ್ನ ತಮ್ಮ ಇನ್ನೂ ಹುಟ್ಟಿರಲಿಲ್ಲ. ಪೂಜೆ ಆಯ್ತು ಅಂತ ಸೈರನ್ ಊದಿದ್ರು ನೋಡು, ನೀನು ಬೆಚ್ಚಿಬಿದ್ದೆ. ಅಬ್ಬಬ್ಬ, ಏನು ಅರಚಾಟ! ದೊರೆನೂ ತಿರುಗಿ ನೋಡ್ದ. ನಂಗೆ ನಾಚಿಕೆ ಆಗಿ ಎಲ್ಲಿ ಹೋಗ್ಲಿ ಅಂತ ನೋಡ್ತಿದ್ದೆ. ಆಗ ಇವರು..."

ಅತ್ತೆ ಪರದೆಯ ಕಡೆ ನೋಡಿದರು. ತಮ್ಮ ತೆಳು ಗಂಟಲನ್ನು ದಪ್ಪ ಮಾಡಿಕೊಂಡು, ಗಂಡಸಿನ ಹಾಗೆ, ಪ್ರತಿ ಮಾತನ್ನೂ ಎಳೆದು ಹೇಳಿದರು. "‘ಕೊಡೇ ಇಲ್ಲಿ ಅವನ್ನ. ನನ್ನ ಹತ್ರ ಬಂದ್ರೆ ಸುಮ್ನಾಗ್ತಾನೆ.’ ಹೀಗೇ ಅಂದ್ರು. ಅವರು ಮಾತಾಡ್ತಿದ್ದಿದ್ದೇ ಹೀಗೆ, ಎಳೆದು ಎಳೆದು."

ಕೂದಲು ನರೆಯತೊಡಗಿದ್ದ ನಮ್ಮ ಭಾವನವರು ಚಿಕ್ಕ ಮಗುವಿನ ಧ್ವನಿಯಲ್ಲಿ ಕೇಳಿದರು.

"ಸುಮ್ನಾದ್ನಾ ಅಮ್ಮಾ?"

"ಎತ್ಕೊಂಡ ತಕ್ಷಣ."

ಭಾವನವರು ಹಾಗೇ ಗೋಡೆಗೊರಗಿ ಕುಳಿತುಬಿಟ್ಟರು. ಬಹಳ ಹೊತ್ತಿನ ಮೇಲೆ ಟೇಪಿನ ನೆನಪಾಗಿ ಗಾಬರಿಯಿಂದ ಎದ್ದರು. ತಿರುಗುತ್ತಿದ್ದ ಚಕ್ರಗಳನ್ನು ನೋಡಿದರು. ಆಮೇಲೆ ನನ್ನನ್ನು ನೋಡಿದರು. ನಾನು ಕೋಸಂಬರಿ ಹಂಚುವ ನೆಪದಲ್ಲಿ ಒಳಗೆ ಹೋದೆ.

ಆಯುಧಪೂಜೆಯ ಸಂಜೆ ಮಿಲ್ಲಿನ ಅಂಗಳದಲ್ಲಿ ಶಾಮಿಯಾನ ಹಾಕಿ ಚಿತ್ರ ತೋರಿಸಿದರು. ಅತ್ತೆ ರೇಷ್ಮೆ ಸೀರೆಯುಟ್ಟು ನನ್ನ ಪಕ್ಕ ಕುಳಿತಿದ್ದರು. ಕೊನೆಯಲ್ಲಿ ಮಾವನವರು ಬಂದರು. ಘೋಷಣೆಯಿಲ್ಲ, ಸೈರನ್ ಇಲ್ಲ, ಸಿಂಹದ ಗಂಟಲೂ ಇಲ್ಲ. ಮೊದಲು ‘ಘಲ್’ ಎಂದು ಬಳೆಗಳ ಸದ್ದು ಕೇಳಿಸಿತು. ಹಿಂದೆಯೇ ಅತ್ತೆಯ ಧ್ವನಿ. ಮಾವನವರು ನಗುತ್ತಾ ಎರಡೂ ಕೈ ಚಾಚಿದರು, ‘ಕೊಡೇ ಇಲ್ಲಿ ಅವನ್ನ’ ಎಂದರು ಅತ್ತೆ. ಶಾಮಿಯಾನದಲ್ಲಿ ಯಾರೂ ಶಿಳ್ಳೆ ಹೊಡೆಯಲಿಲ್ಲ. ಮುಂದಿನ ಸಾಲಿನಲ್ಲಿದ್ದ ಕಾರ್ಯದರ್ಶಿಯವರು ಕರ್ಚೀಫಿನಿಂದ ಮುಖ ಒರೆಸಿಕೊಂಡು, ದೀಪ ಹತ್ತಿದ ಮೇಲೆ ಭಾವನವರನ್ನು ಹುಡುಕಿಕೊಂಡು ಬಂದರು.

"ಒಪ್ಕೊಂಡೆ ಸಾರ್. ಆದ್ರೆ ಅದೊಂದು ಬಳೆ ಶಬ್ದ ಕತ್ತರಿಸಿಬಿಡಬೇಕಿತ್ತು."

"ಅದು ಆ ಜಾಗದ್ದೇ ಶಬ್ದ ಕಣ್ರೀ. ಅದಿಲ್ದೆ ಹೋಗಿದ್ರೆ ನಮ್ಮಪ್ಪ ಇವತ್ತೂ ಮಾತಾಡ್ತಿರಲಿಲ್ಲ" ಎಂದರು ಭಾವನವರು. ನಾನು ಅಲ್ಲೇ ಹಿಂದೆ ನಿಂತಿದ್ದೆನೆಂದು ಅವರಿಗೆ ಗೊತ್ತಿರಲಿಲ್ಲ. ನನಗೆ ಅಳು ತಡೆಯಲಾಗಲಿಲ್ಲ.

ಮಾರನೆಯ ಬೆಳಿಗ್ಗೆ ಒಗ್ಗರಣೆ ಹಾಕುತ್ತಿದ್ದೆ. ಮೈಕ್ ಹಿಡಿದು ಬಾಗಿಲಲ್ಲಿ ನಿಂತೇ ಇದ್ದರು! ಯಾವ ಚಿತ್ರಕ್ಕೋ ಏನೋ, ನಾನು ಕೇಳಲಿಲ್ಲ. ಅಭ್ಯಾಸದಂತೆ ನಿಟ್ಟುಸಿರು ಬಿಟ್ಟು ಬಳೆಗಳನ್ನು ಮೊಣಕೈ ಕಡೆ ಏರಿಸತೊಡಗಿದೆ.

"ಬೇಡಮ್ಮ," ಎಂದರು ಭಾವನವರು, ಹೆಡ್‌ಫೋನನ್ನು ಕಿವಿಗೆ ಒತ್ತಿಕೊಳ್ಳುತ್ತಾ. "ಇವತ್ತು ಅದನ್ನೇ ಹಿಡಿಯಕ್ಕೆ ಬಂದಿದೀನಿ."